ಮಾವ ಮಜಾಮಾ ಇದ್ದಾರೆ

ತೀರ್ಥರೂಪ ಸಮಾನರಾದ ಸೋದರಮಾವನವರಿಗೆ, ನಿಮ್ಮ ತಂಗಿಯ ಮಗಳು ಶೈಲಾ ಬರೆಯುವುದು.

ಕಾಗದವನ್ನು ಹೀಗೆ ಶುರುಮಾಡಬೇಕೆಂದು ಕಲಿಸಿದವರು ನೀವೇ. ಸೂರತ್‌ನ ಪಾಂಡೇಸರಾದಲ್ಲಿದ್ದ ನಿಮ್ಮ ಹೋಟೆಲಿನ ಗಲ್ಲಾದ ಪಕ್ಕ ನನ್ನನ್ನು ಸ್ಟೂಲಿನ ಮೇಲೆ ಕೂರಿಸಿ, ಊರಿನಲ್ಲಿದ್ದ ಅಜ್ಜಿಗೆ ನನ್ನ ಕೈಯಿಂದ ಕಾಗದ ಬರೆಸುತ್ತಿದ್ದಿರಿ. ಮೊದಲು ನಮಸ್ಕಾರ, ಆಮೇಲೆ 'ಇತ್ತ ನಾವೆಲ್ಲ ಕ್ಷೇಮ', ಆಮೇಲೆ 'ನಿಮ್ಮ ಕ್ಷೇಮಕ್ಕೆ ಬರೆಯಿರಿ'. ಸರಿ, ಬರೆಯುತ್ತೇನೆ. ಇತ್ತ ನಾವೆಲ್ಲ ಕ್ಷೇಮ. ನಿಮ್ಮ ಕ್ಷೇಮ ಕೇಳುವ ಮನಸ್ಸು ನನಗಿಲ್ಲ. ನೀವು ತೀರಿಕೊಂಡು ಮೂರು ತಿಂಗಳಾಗುತ್ತ ಬಂತು, ನನ್ನ ಸಿಟ್ಟು ಮಾತ್ರ ಇನ್ನೂ ಗಟ್ಟಿಮುಟ್ಟಾಗಿದೆ. ಸತ್ತವರ ಬಗ್ಗೆ ಕೆಟ್ಟದ್ದು ಆಡಬಾರದು ಅನ್ನುತ್ತಾರೆ. ಸತ್ತವರಿಗೇ ನೇರವಾಗಿ ಹೇಳಿದರೆ ತಪ್ಪಿಲ್ಲವಲ್ಲ?

ಅಪ್ಪ ಹೋದ ಮೇಲೆ ಅಮ್ಮನನ್ನು, ಹತ್ತು ವರ್ಷದ ನನ್ನನ್ನು, ನಾಲ್ಕು ವರ್ಷದ ಹರೀಶನನ್ನು ಕುಂದಾಪುರದಿಂದ ಸೂರತ್‌ಗೆ ಕರೆದುಕೊಂಡು ಬಂದ ದಿನ ನೆನಪಿದೆಯೇ? ರೈಲು ಇಳಿದವರನ್ನು ಮನೆಗೂ ಕರೆದೊಯ್ಯದೆ ಸೀದಾ ಹೋಟೆಲಿಗೆ ಕರೆದೊಯ್ದು ಬಿಸಿ ಇಡ್ಲಿ ಇಟ್ಟಿರಿ. ಹರೀಶ ಐದು ತಿಂದ. ನೀವು ಅವನ ಹೊಟ್ಟೆ ಮುಟ್ಟಿ ನೋಡಿ ನಕ್ಕಿರಿ. ಮಕ್ಕಳಿಲ್ಲದ ನಿಮಗೆ ಅವನೇ ಮಗನಾದ. ನನ್ನ ಕನ್ನಡ ಊರಿನ ಶಾಲೆಯಲ್ಲಿ ಗಟ್ಟಿಯಾಗಿತ್ತು, ಅವನು ಮಾತ್ರ ಗುಜರಾತಿ ಶಾಲೆಯಲ್ಲೇ ಅಕ್ಷರ ಕಲಿತ. ನನ್ನ ಮದುವೆ ಮಾಡಿ ಅಹಮದಾಬಾದಿನ ಚಾಂದ್‌ಖೇಡಾಕ್ಕೆ ಕಳಿಸಿದವರೂ ನೀವೇ. ಇದೊಂದನ್ನೂ ನಾನು ಮರೆತಿಲ್ಲ ಮಾವ. ಮರೆತಿದ್ದರೆ ಇಷ್ಟು ಸಿಟ್ಟು ಬರುತ್ತಿರಲಿಲ್ಲ.

ಹೋಟೆಲನ್ನು ಹೊಸದಾಗಿ ಕಟ್ಟಿಸಿ ಗಣಹೋಮ ಮಾಡಿಸಿದ ದಿನವೂ ಕಣ್ಣಿಗೆ ಕಟ್ಟಿದ ಹಾಗಿದೆ. ಪೂಜೆ ಮುಗಿದ ಮೇಲೆ ಲೈಸೆನ್ಸಿನ ಕಾಗದವನ್ನು ತಟ್ಟೆಯಲ್ಲಿಟ್ಟು, ಅದಕ್ಕೆ ಕುಂಕುಮ ಹಚ್ಚಿ, ಎಲ್ಲರೆದುರು ಹರೀಶನ ಕೈಗೆ ಕೊಟ್ಟಿರಿ. ಆಹಾರ ಇಲಾಖೆಯ ಲೈಸೆನ್ಸು, ಗ್ಯಾಸಿನದು, ಎಲ್ಲವೂ ಅವನ ಹೆಸರಿಗೆ. "ನಮ್ಮಲ್ ಸೋದರಳಿಯ ಅಂದ್ರೆ ಮಗನಿಂದ ಹೆಚ್ಚ್" ಅಂದಿರಿ. ಅಮ್ಮ ಸೆರಗಿನಲ್ಲಿ ಕಣ್ಣೊರೆಸಿಕೊಂಡಳು. ತವರು ಅಂದರೆ ಇದು, ಅಣ್ಣ ಅಂದರೆ ಇವನು ಎಂದು ಊರಿಗೆಲ್ಲ ಫೋನು ಮಾಡಿ ಹೇಳಿದಳು. ಹೋಟೆಲು ಯಾರದು, ಹೆಸರು ಯಾರದು ಎಂದು ಕೇಳುವಷ್ಟು ಬುದ್ಧಿ ನಮ್ಮಲ್ಲಿ ಒಬ್ಬರಿಗೂ ಇರಲಿಲ್ಲ. ಸೋದರಮಾವ ಕೊಟ್ಟದ್ದನ್ನು ತಿರುಗಿಸಿ ನೋಡುವ ಅಭ್ಯಾಸ ನಮ್ಮವರಿಗೆ ಇಲ್ಲವಲ್ಲ. ನೀವು ವಡೋದರಾದಲ್ಲಿ, ಕೊಯಾಲಿ ರಸ್ತೆಯ ಇನ್ನೊಂದು ಹೋಟೆಲು ನೋಡಿಕೊಂಡು ಅತ್ತೆಯ ಜೊತೆ ಉಳಿದಿರಿ. ಎರಡು ವರ್ಷದಲ್ಲಿ ಅಮ್ಮ ಹೋದಳು. ಅಣ್ಣನ ಮೇಲಿನ ನಂಬಿಕೆ ಹಾಗೇ ಇಟ್ಟುಕೊಂಡು ಹೋದಳು, ಪುಣ್ಯವಂತೆ.

ಆಮೇಲೆ ಒಂದು ದಿನ, ಪಾಂಡೇಸರಾದ ಹೋಟೆಲಿನ ದೊಡ್ಡ ಒಲೆಯ ಹಿಂದಿನ ಗ್ಯಾಸ್ ಪೈಪು ಸೋರುತ್ತಿದೆ, ಎರಡು ದಿನ ಅಡುಗೆಮನೆ ಮುಚ್ಚಿ ಎಂದು ಫಿಟ್ಟರ್ ಹೇಳಿದ. ಹರೀಶ ಮುಚ್ಚಲು ಹೊರಟಿದ್ದ. ನಿಮ್ಮನ್ನು ಒಂದು ಮಾತು ಕೇಳಿಯೇ ಮುಚ್ಚೋಣ ಎಂದು ಫೋನು ಮಾಡಿದ. ಕೇಳದೆ ಮುಚ್ಚಿದ್ದರೆ... ನೀವು ಅಂದಿರಿ, "ಮದುವೆ ಆರ್ಡರ್ ಕೈಯಲ್ಲಿತ್ತ್ ಮಾರಾಯಾ, ಈಗ ಮುಚ್ಚುದ್ ಬ್ಯಾಡ. ಅದ್ ಕಳೀಲಿ." ಮರುದಿನ ಬೆಳಿಗ್ಗೆ ಉಪ್ಪಿಟ್ಟಿನ ಹೊತ್ತಿಗೆ ಅಡುಗೆಯ ಶೀನಣ್ಣ ಒಲೆ ಹಚ್ಚಿದ, ಸೋರಿದ ಗ್ಯಾಸಿಗೆ ಬೆಂಕಿ ಹೊತ್ತಿಕೊಂಡಿತು. ಇಪ್ಪತ್ತೆರಡು ವರ್ಷ ನಿಮ್ಮ ಅಡುಗೆಮನೆಯಲ್ಲೇ ಬೆವರು ಸುರಿಸಿದ ಶೀನಣ್ಣ ಸಂಜೆಯ ಹೊತ್ತಿಗೆ ಇರಲಿಲ್ಲ. ಅವನ ಹೆಂಡತಿ ಬೈಂದೂರಿನಿಂದ ಬಂದು ಮುಟ್ಟುವ ಮೊದಲೇ ಪೊಲೀಸರು ಲೈಸೆನ್ಸಿನ ಮೇಲಿದ್ದ ಹೆಸರನ್ನು ಓದಿದ್ದರು.

ಆ ಸಂಜೆ ಆಸ್ಪತ್ರೆಯ ಹೊರಗಿನ ಬೆಂಚಿನ ಮೇಲೆ ನೀವು ಹರೀಶನ ಎರಡೂ ಕೈ ಹಿಡಿದುಕೊಂಡು ಕೂತಿದ್ದಿರಿ. ನಾನು ಚಹಾದ ಲೋಟ ಹಿಡಿದು ನಿಂತಿದ್ದೆ, ನೀವು ನನ್ನನ್ನು ಲೆಕ್ಕಕ್ಕೆ ಹಿಡಿಯಲಿಲ್ಲ. "ಹರೀಶಾ, ನಂಗೆ ಶುಗರ್ ಇತ್ತ್, ಪ್ರೆಶರ್ ಇತ್ತ್. ಒಳಗೆ ಹೋರೆ ನಾಲ್ಕ್ ದಿನ ಬದ್ಕುದಿಲ್ಲೆ. ನೀ ಪ್ರಾಯದವ. 'ಮುಚ್ಚುದ್ ಬ್ಯಾಡ ಅಂತ ನಾನೇ ತೀರ್ಮಾನ ಮಾಡ್ದೆ' ಅಂತ ಪೊಲೀಸ್ರ್ ಹತ್ರ ನೀ ಹೇಳ್. ಹದಿನೈದ್ ದಿನ ಅಷ್ಟೇ. ದೊಡ್ಡ ವಕೀಲನ್ನ ಹಿಡ್ದ್ ಹೊರಗೆ ತತ್ತೆ." ಹರೀಶ ಒಂದು ಕ್ಷಣವೂ ಯೋಚಿಸಲಿಲ್ಲ. "ಆಯ್ತ್ ಮಾವ" ಅಂದ, ಹಾಲು ತರಲು ಹೇಳಿದರೆ ಹೊರಡುವವನ ಹಾಗೆ. ಕೋತಿ ತಾನು ತಿಂದು ಮೇಕೆಯ ಬಾಯಿಗೆ ಒರೆಸಿತು ಅನ್ನುತ್ತಾರಲ್ಲ, ನಮ್ಮ ಮೇಕೆ ಬಾಯಿ ತೆರೆದುಕೊಂಡೇ ನಿಂತಿತ್ತು. ಅಪಾಯ ಗೊತ್ತಿದ್ದೂ ಒಲೆ ಹಚ್ಚಿಸಿದ ಎಂದು ಅವನೇ ಒಪ್ಪಿಕೊಂಡಂತಾಯಿತು, ಜಾಮೀನು ಸಿಗಲಿಲ್ಲ. ಹದಿನೈದು ದಿನ ಹನ್ನೊಂದು ತಿಂಗಳಾಯಿತು.

ಜೈಲಿನಲ್ಲಿರುವವನ ಜೊತೆ ನಂಟು ಉಳಿಸಿಕೊಳ್ಳುವುದು ಎಷ್ಟು ಕಷ್ಟ ಎಂದು ನಿಮಗೆ ಹೇಗೆ ಗೊತ್ತಾಗಬೇಕು? ನೀವು ಒಮ್ಮೆಯೂ ಬರಲಿಲ್ಲವಲ್ಲ. ಪ್ರತಿ ಮಂಗಳವಾರ ನಸುಕಿಗೇ ಎದ್ದು ಚಾಂದ್‌ಖೇಡಾದಿಂದ ಸ್ಟೇಷನ್ನಿಗೆ ಬಂದು ಸೂರತ್‌ನ ರೈಲು ಹತ್ತುತ್ತಿದ್ದೆ. ಅಲ್ಲಿ ಕೈದಿಗಳ ಭೇಟಿಯ, ಮುಲಾಖಾತಿನ ಕಿಟಕಿಯೆದುರು ಸರತಿ. ಆಧಾರ್ ತೋರಿಸು, ಸಂಬಂಧ ಹೇಳು, ಬೆರಳೊತ್ತು, ಚೀಟಿ ತೆಗೆದುಕೊ, ಹೆಸರು ಕೂಗುವವರೆಗೆ ಬಿಸಿಲಿನಲ್ಲಿ ಕಾಯಿ. ಒಮ್ಮೆ ಮದುವೆಗೆ ಮುಂಚಿನ ಹೆಸರು, ಈಗಿನ ಹೆಸರು ಹೊಂದುವುದಿಲ್ಲ ಎಂದು ವಾಪಸು ಕಳಿಸಿದರು. ಅವನು ನನ್ನ ತಮ್ಮ ಎಂದು ಸಾಬೀತು ಮಾಡಲು ಇನ್ನೊಂದು ವಾರ ಹಿಡಿಯಿತು. ಇಷ್ಟೆಲ್ಲ ಆಗಿ ಸಿಗುತ್ತಿದ್ದುದು ಇಪ್ಪತ್ತು ನಿಮಿಷ. ನಡುವೆ ಗಾಜು, ಕೈಯಲ್ಲಿ ಒಂದು ಫೋನು, ಆಚೆ ಅವನ ಕೈಯಲ್ಲೊಂದು.

ಮೊದಲ ದಿನ ಫೋನು ಎತ್ತಿ "ಹ್ಯಾಂಗಿದ್ದೆ ಹರೀಶಾ? ಉಂಡ್ಯಾ?" ಅಂದೆ. ಅಷ್ಟರಲ್ಲೇ ಹಿಂದಿನಿಂದ ಕಾನ್‌ಸ್ಟೇಬಲ್ ಕೂಗಿದ, "ಓ ಬೇನ್, ಗುಜರಾತೀಮಾ ಬೋಲೋ, ನಹೀಂ ತೋ ಹಿಂದೀಮಾ!" ಅವರಿಗೆ ತಿಳಿಯದ ಭಾಷೆ ಅಲ್ಲಿ ಆಡುವ ಹಾಗಿಲ್ಲ. ಹುಟ್ಟಿದಂದಿನಿಂದ ತಮ್ಮನ ಜೊತೆ ಗುಜರಾತಿಯಲ್ಲಿ ಮಾತಾಡಿದವಳಲ್ಲ ನಾನು. ಅವನು ಬಿದ್ದರೆ, ಅತ್ತರೆ, ಬೈಸಿಕೊಂಡರೆ, ಎಲ್ಲವೂ ನಮ್ಮ ಕುಂದಾಪುರದ ಮಾತಿನಲ್ಲೇ. ಗುಜರಾತಿಯಲ್ಲಿ ಅವನನ್ನು 'ಭಾಯಿ' ಅಂದಾಗ ಬಾಯಿಗೆ ಬೇರೆಯವರ ಹಲ್ಲು ಇಟ್ಟುಕೊಂಡಂತಾಯಿತು. ಕಾಗದ ಬರೆದರೂ ಅಷ್ಟೇ. ಒಳಗೆ ಓದಿ ನೋಡಿಯೇ ಕೊಡುವುದು, ಹಾಗಾಗಿ ಅದೂ ಗುಜರಾತಿಯಲ್ಲೇ. ನಿಮ್ಮ ಹೆಸರೆತ್ತಿ ಬೈಯಬೇಕೆಂದು ಎಷ್ಟೋ ಸಲ ಅನ್ನಿಸಿತು. ಸುತ್ತ ಹತ್ತು ಜನ ಕೇಳುವಾಗ ಆ ಭಾಷೆಯಲ್ಲಿ ನಿಮ್ಮನ್ನು ಬೈಯಲು ನನಗೆ ಮಾತೇ ಒದಗಲಿಲ್ಲ.

ಮೊದಲ ಮೂರು ವಾರ ನೀವು ವಡೋದರಾ ಸ್ಟೇಷನ್ನಿಗೆ ಬಂದಿರಿ. ರೈಲು ನಿಂತ ಐದು ನಿಮಿಷದಲ್ಲಿ ಓಡಿ ಬಂದು ಕಿಟಕಿಯಿಂದ ಸ್ಟೀಲಿನ ಡಬ್ಬ ಕೊಟ್ಟಿರಿ. ಅವನಿಗೆ ಇಷ್ಟ ಎಂದು ಗೋಳಿಬಜೆ, ಚಟ್ನಿ. ಜೈಲಿನೊಳಗೆ ಹೊರಗಿನ ತಿಂಡಿ ಬಿಡುವುದಿಲ್ಲ ಎಂದು ಮೊದಲ ವಾರವೇ ಹೇಳಿದ್ದೆ. ಎರಡನೇ ವಾರವೂ ತಂದಿರಿ, ಮೂರನೇ ವಾರವೂ ತಂದಿರಿ. ಹೋಟೆಲಿನವರಲ್ಲವೇ ನಾವು, ಪ್ರೀತಿಯನ್ನೂ ಡಬ್ಬಕ್ಕೆ ತುಂಬಿಯೇ ಕಳಿಸುವವರು. ಗೇಟಿನ ಹೊರಗೆ ಸರತಿಯಲ್ಲಿದ್ದವರಿಗೆ ಹಂಚಿದೆ. "ನೀವೇ ಬನ್ನಿ ಮಾವ, ಒಮ್ಮೆ ಮುಖ ತೋರಿಸಿ" ಅಂದದ್ದಕ್ಕೆ, "ಜೈಲಿನ ಮೆಟ್ಲ್ ಹತ್ರೆ ಹೋಟ್ಲಿಗ್ ಹೆಸ್ರ್ ಹಾಳಾತ್ತ್ ಹೆಣೇ" ಅಂದಿರಿ, ಹುಡುಗಿ ಎಂದು ಮುದ್ದಿನಿಂದ ಕರೆಯುವ ಅದೇ ಮಾತಿನಲ್ಲಿ. ನಾಲ್ಕನೇ ವಾರ ಕಿಟಕಿಯಿಂದ ಇಣುಕಿದೆ, ನೀವಿರಲಿಲ್ಲ. ಆಮೇಲೆ ಎಂದೂ ಬರಲಿಲ್ಲ. ವಕೀಲರನ್ನೂ ನನ್ನ ಗಂಡನೇ ಹುಡುಕಬೇಕಾಯಿತು.

ನನ್ನ ಹೊಟ್ಟೆಗೆ ಬೆಂಕಿ ಬೀಳುತ್ತಿದ್ದುದು ಯಾವುದಕ್ಕೆ ಗೊತ್ತೇ? ಗಾಜಿನ ಆಚೆ ಕೂತು ಫೋನು ಎತ್ತಿದ ತಕ್ಷಣ ಹರೀಶ ಕೇಳುತ್ತಿದ್ದ ಮೊದಲ ಪ್ರಶ್ನೆಗೆ. "ಮಾಮಾ ಮಜಾಮಾ ಛೇ?" ಮಾವ ಚೆನ್ನಾಗಿದ್ದಾರಾ? ನನ್ನ ಮಕ್ಕಳ ಸುದ್ದಿ ಆಮೇಲೆ, ಕೇಸಿನ ಸುದ್ದಿ ಆಮೇಲೆ. ನೀವು ಶುಗರಿನ ಮಾತ್ರೆ ತೆಗೆದುಕೊಳ್ಳುತ್ತಿದ್ದೀರಾ, ಪ್ರೆಶರ್ ಎಷ್ಟಿದೆ, ಅವನಿಗೆ ಅದೇ ಚಿಂತೆ. ಅವನು ಸೊರಗಿದ್ದ, ಕುತ್ತಿಗೆಯಲ್ಲಿ ಕಜ್ಜಿ ಎದ್ದಿತ್ತು, ಅವನು ಕೇಳುತ್ತಿದ್ದುದು ಮಾತ್ರ ನಿಮ್ಮ ಆರೋಗ್ಯ. ನಿಜ ಹೇಳಿಬಿಡು ಎಂದರೆ ತಲೆಯಾಡಿಸುತ್ತಿದ್ದ. ಅನ್ನ ಹಾಕಿದ ಕೈ ಅಂತೆ. ನಾನು ಹಲ್ಲು ಕಚ್ಚಿಕೊಂಡು ಹೇಳುತ್ತಿದ್ದೆ, "ಮಜಾಮಾ ಛೇ." ನೀವು ನಿಜಕ್ಕೂ ಮಜಾಮಾ ಇದ್ದಿರಿ ಕೂಡ. ಬೆಂಚಿನ ಮೇಲೆ ಕೇಳಿದ್ದನ್ನು ನಾನು ವಕೀಲರಿಗೆ ಹೇಳಿದೆ. "ಅಕ್ಕ ತಮ್ಮನ ಪರ ಹೇಳದೆ ಇನ್ನೇನು ಹೇಳುತ್ತಾಳೆ ಎನ್ನುತ್ತಾರೆ" ಎಂದರು. ಆ ಫಿಟ್ಟರ್ ಎಲ್ಲಿದ್ದಾನೋ ಗೊತ್ತಿರಲಿಲ್ಲ. ಬಾಯಿ ಬಿಡದ ಹರೀಶನನ್ನು ಬಿಟ್ಟರೆ ಫೋನಿನಲ್ಲಿ ನೀವು ಆಡಿದ ಮಾತು ಗೊತ್ತಿದ್ದುದು ನಿಮಗೆ ಮತ್ತು ಪಕ್ಕದಲ್ಲಿ ಕೂತಿದ್ದ ಅತ್ತೆಗೆ ಮಾತ್ರ. ಅತ್ತೆ ನಿಮ್ಮನ್ನು ದಾಟಿ ಮಾತಾಡಿದವರಲ್ಲ.

ಆಮೇಲೆ ನೀವು ಸತ್ತಿರಿ. ಎದೆನೋವು, ಆಸ್ಪತ್ರೆ, ನಾಲ್ಕೇ ದಿನ. ಒಳಗೆ ಹೋದರೆ ನಾಲ್ಕು ದಿನ ಬದುಕುವುದಿಲ್ಲ ಅಂದವರು ಹೊರಗೇ ಇದ್ದು ನಾಲ್ಕು ದಿನದಲ್ಲಿ ಹೋದಿರಿ. ನಾನು ಅತ್ತುಬಿಟ್ಟೆ, ಸುಳ್ಳು ಹೇಳುವುದಿಲ್ಲ. ಆಮೇಲೆ ಯೋಚಿಸಿದೆ. ನೀವು ಸತ್ತದ್ದು ಗೊತ್ತಾದರೆ ಹರೀಶ ಅರ್ಜಿ ಹಾಕಿ, ಪೊಲೀಸರ ಕಾವಲಿನಲ್ಲಿ ಬಂದು, ತಲೆ ಬೋಳಿಸಿಕೊಂಡು ನಿಮ್ಮ ಕೆಲಸ ಮಾಡುತ್ತಾನೆ. ಸತ್ತವರ ಹೆಸರು ಕೆಡಿಸಬಾರದೆಂದು ಮುಂದೆ ಸಾಯುವವರೆಗೂ ಬಾಯಿ ಬಿಡುವುದಿಲ್ಲ. ನಿಮಗೆ ಅಷ್ಟು ಒಳ್ಳೆಯ ಸಾವು ಯಾಕೆ ಸಿಗಬೇಕು? ಮಗನಂಥವನ ಕಣ್ಣೀರು ಯಾಕೆ ಸಿಗಬೇಕು? ಆ ಮಂಗಳವಾರ ಗಾಜಿನ ಮುಂದೆ ಕೂತೆ. "ಮಾಮಾ ಮಜಾಮಾ ಛೇ?" ಅಂದ. "ಮಜಾಮಾ ಛೇ" ಅಂದೆ. ನಿಮ್ಮ ಬೂದಿ ನರ್ಮದೆಗೆ ಹೋಗಿ ಎರಡು ದಿನವಾಗಿತ್ತು. ವಕೀಲರಿಗೂ ಹೇಳಬೇಡಿ ಎಂದಿದ್ದೆ. ಹನ್ನೊಂದು ವಾರ ನಿಮ್ಮನ್ನು ಹಾಗೇ ಬದುಕಿಸಿಟ್ಟೆ.

ಇನ್ನು ನಿಮ್ಮ ಉತ್ತರಕ್ರಿಯೆಯ ದಿನದ ಸುದ್ದಿ. ನಿಮ್ಮ ಅಣ್ಣನ ಮಗ ಮುಂಬೈಯಿಂದ ಬಂದು ಕ್ರಿಯೆಗೆ ಕೂತ. ವಡೋದರಾದ ನಿಮ್ಮ ಮನೆಯ ತಾರಸಿಯ ಕಟ್ಟೆಯ ಮೇಲೆ ಬಾಳೆಲೆ ಹಾಸಿ ಕಾಗೆಗೆ ಎಡೆ ಇಟ್ಟರು. ನಿಮಗೆ ಇಷ್ಟದ ಪತ್ರೊಡೆ, ಪಾಯಸ, ಎಲ್ಲ ಇತ್ತು. ಜನ ಕಂಡರೆ ಕಾಗೆ ಬರುವುದಿಲ್ಲ ಎಂದು ಎಲ್ಲರೂ ಮೆಟ್ಟಿಲಿನ ಬಾಗಿಲ ಹಿಂದೆ ಸರಿದು ನಿಂತರು. ನಾನು ನೀರಿನ ಟ್ಯಾಂಕಿನ ಹಿಂದೆ ನಿಂತು ನೋಡುತ್ತೇನೆ ಎಂದೆ. ಅಲ್ಲಿ ಹಗ್ಗದ ಮೇಲೆ ಅತ್ತೆಯ ಕಪ್ಪು ಲಂಗವೊಂದು ಒಣಗಿತ್ತು. ಕಪ್ಪಗೆ ಏನಾದರೂ ಜೋತಾಡಿದರೆ ಕಾಗೆಗೆ ಸತ್ತ ಕಾಗೆಯ ಹೆದರಿಕೆ, ಹೋಟೆಲಿನ ಹಿತ್ತಲಿನಲ್ಲಿ ಹಪ್ಪಳ ಕಾಯುವಾಗ ನೀವೇ ಹೇಳಿಕೊಟ್ಟದ್ದು. ಮೊದಲ ಕಾಗೆ ಬಂದು ಕಟ್ಟೆಯ ಮೇಲೆ ಕೂತಿತು. ಲಂಗ ಹಿಡಿದು ಜಾಡಿಸಿದೆ. ಹಾರಿಹೋಯಿತು.

ನೀವು ಬಂದಿದ್ದಿರಿ ಮಾವ. ಮೂರು ಸಲ ಬಂದಿರಿ. ಮೂರು ಸಲವೂ ಓಡಿಸಿದವಳು ನಾನು.

ಗಂಟೆ ಒಂದಾಯಿತು, ಎರಡಾಯಿತು. ಕಾಗೆ ಮುಟ್ಟದೆ ಯಾರೂ ಉಣ್ಣುವ ಹಾಗಿಲ್ಲ. ಕೆಳಗೆ ಸಾರು ಆರುತ್ತಿತ್ತು. ಪಕ್ಕದ ಮನೆಯ ಗುಜರಾತಿ ಅಜ್ಜಿ ತನ್ನ ತಾರಸಿಯಿಂದ "ಕಾಗ್ಡೋ ಆವ್ಯೋ?", ಕಾಗೆ ಬಂತಾ, ಎಂದು ಕೇಳುತ್ತಲೇ ಇದ್ದರು. ನಿಮ್ಮ ಅಣ್ಣನ ಮಗ ಕೈಮುಗಿದ, "ಚಿಕ್ಕಪ್ಪಯ್ಯ, ಹೋಟ್ಲ್ ಮುಚ್ಚುದಿಲ್ಲೆ, ನಾನೇ ಕಂಡ್ಕಂತೆ." ಲಂಗ ಜಾಡಿಸಿದೆ. ಕುಲದೇವರಿಗೆ ಹರಕೆ ಹೇಳಿದರು. ಜಾಡಿಸಿದೆ. ಕೊನೆಗೆ ಭಟ್ಟರು ಬೆವರು ಒರೆಸಿಕೊಂಡು, "ಅವ್ರ್ ಮನ್ಸಲ್ಲಿ ಎಂತದೋ ಉಳ್ಕಂಡಿತ್ತ್. ಗೊತ್ತಿದ್ದವ್ರ್ ಹೇಳಿ" ಅಂದರು. ನಾನು ಟ್ಯಾಂಕಿನ ಹಿಂದಿನಿಂದ ಬಂದು ಅತ್ತೆಯ ಮುಂದೆ ನಿಂತೆ. "ಅತ್ತೆ, ಮಾವ ಯಾವ್ದಕ್ಕೆ ಕಾಯ್ತಿದ್ರ್ ಅಂತ ನಿಮ್ಗೆ ಗೊತ್ತಿತ್ತ್."

ಅತ್ತೆ ಅಲ್ಲೇ ಕುಸಿದು ಕೂತರು. "ಹರೀಶಂದ್ ಎಂತದೂ ತಪ್ಪಿಲ್ಲೆ" ಎಂದು ಖಾಲಿ ಆಕಾಶಕ್ಕೆ ಕೈಮುಗಿದು ಅತ್ತರು. "ಅಡ್ಗಿಮನೆ ಮುಚ್ಚುದ್ ಬ್ಯಾಡ ಅಂದದ್ ನೀವೇ. ನಾ ಬದೀಲೇ ಕೂಕಂಡಿದ್ದೆ. ಕೋರ್ಟಲ್ಲೂ ಹೇಳ್ತೆ, ಎಲ್ ಬೇಕಾರೂ ಹೇಳ್ತೆ. ಬಂದ್ ಉಣ್ಣಿ!" ಮೂವತ್ತು ಜನ ಕೇಳಿದರು. ನಾನು ಟ್ಯಾಂಕಿನ ಹಿಂದೆ ಹೋಗಲಿಲ್ಲ. ಎರಡು ನಿಮಿಷವೂ ಆಗಿರಲಿಲ್ಲ, ಕಾಗೆ ಬಂದು ಪತ್ರೊಡೆಗೇ ಬಾಯಿ ಹಾಕಿತು. ಎಲ್ಲರೂ 'ಅಯ್ಯೋ ದೇವರೇ' ಎಂದು ಕೆನ್ನೆ ಬಡಿದುಕೊಂಡರು. ಅವರೆಲ್ಲ ಉಂಡು ಕೈತೊಳೆಯುವಾಗ ನನಗೆ ಹೊಟ್ಟೆ ತಣ್ಣಗಾಗಿತ್ತು. ಗಂಡ ಸತ್ತ ದುಃಖದಲ್ಲಿದ್ದ ಅತ್ತೆಯನ್ನು ಹಾಗೆ ಹೆದರಿಸಿದ್ದಕ್ಕೆ ಮಾತ್ರ ಇವತ್ತಿಗೂ ನಾಚಿಕೆಯಿದೆ. ನಿಮ್ಮನ್ನು ಉಪವಾಸ ಕೆಡವಿದ್ದಕ್ಕೆ ಇಲ್ಲ.

ಮರುದಿನವೇ ಅತ್ತೆಯನ್ನು ಸೂರತ್‌ನ ವಕೀಲರ ಬಳಿ ಕರೆದೊಯ್ದೆ. ಮಾತು ತಪ್ಪಿದರೆ ಕಾಗೆ ಮತ್ತೆ ಬರುವುದಿಲ್ಲವೆಂಬ ಭಯ ಅವರಿಗೆ. ಒಂದಕ್ಷರ ಬಿಡದೆ ಬರೆಸಿ ಸಹಿ ಹಾಕಿದರು. ಫಿಟ್ಟರ್ ಎಲ್ಲಿದ್ದಾನೆ ಎಂದೂ ಅವರಿಗೇ ಗೊತ್ತಿತ್ತು. ಅವನನ್ನು ನಿಮ್ಮ ಕೊಯಾಲಿ ರಸ್ತೆಯ ಹೋಟೆಲಿನ ಹಿಂದಿನ ಕೋಣೆಯಲ್ಲೇ ಕೆಲಸ ಕೊಟ್ಟು ಇಟ್ಟುಕೊಂಡಿದ್ದಿರಂತೆ! ಅವನೂ ಹೇಳಿಕೆ ಕೊಟ್ಟ. ಕೇಸು ಇನ್ನೂ ಮುಗಿದಿಲ್ಲ, ಆದರೆ ಎರಡು ತಿಂಗಳಲ್ಲಿ ಜಾಮೀನಾಯಿತು. ಶೀನಣ್ಣನ ಹೆಂಡತಿಗೂ ಫೋನು ಮಾಡಿ, ಅಡುಗೆಮನೆ ಮುಚ್ಚುವುದು ಬೇಡ ಅಂದದ್ದು ಯಾರು ಎಂದು ಹೇಳಿದೆ. ಆಕೆ, "ಒಲೆ ಹಚ್ಚ್ಸಿದವ್ರಿಗೂ ಹಾಂಗೇ ಆಯ್ಲಿ ಅಂದ್ಕಂಡಿದ್ದೆ, ನಂಗ್ ಗೊತ್ತಾಪ್ ಮೊದ್ಲೇ ಆಯ್ತಲೆ" ಅಂದಳು.

ಒಂದು ವಿಷಯ ಅತ್ತೆಗೂ ಗೊತ್ತಿಲ್ಲ, ನಮ್ಮಿಬ್ಬರ ನಡುವೆಯೇ ಇದೆ. ಆಸ್ಪತ್ರೆಯಲ್ಲಿ ಎರಡನೇ ದಿನ ನಾನು ನೋಡಲು ಬಂದಾಗ ಅತ್ತೆ ಔಷಧಿ ತರಲು ಕೆಳಗೆ ಹೋಗಿದ್ದರು. ನೀವು ಮೂಗಿನ ನಳಿಕೆ ಸರಿಸಿ ನನ್ನ ಕೈ ಹಿಡಿದಿರಿ. "ಹೆಣೇ, ಹರೀಶನ ಹತ್ರ ಹೇಳ್. ನಂದ್ ತಪ್ಪಾಯ್ತ್ ಅಂತ ಹೇಳ್. ನಾ ದಿನಾ ಅವ್ನ ನೆನ್ಸ್ಕಂತೆ ಅಂತ ಹೇಳ್." ಕಣ್ಣಿಂದ ನೀರು ಇಳಿದು ದಿಂಬು ಒದ್ದೆಯಾಯಿತು. ನಾಟಕವಲ್ಲ, ನನಗೆ ಗೊತ್ತು. ನಾನು ಬಗ್ಗಿ, "ಮಾವ, ಇದನ್ನೇ ವಕೀಲ್ರ್ ಮುಂದೆ ಹೇಳಿ, ಈಗ್ಲೇ ಕರ್ಸ್ತೆ" ಅಂದೆ. ನೀವು ಕೈ ಬಿಟ್ಟು ಗೋಡೆಯ ಕಡೆ ಹೊರಳಿದಿರಿ. "ನಾ ಇಪ್ಪಷ್ಟ್ ದಿನ ಬ್ಯಾಡ." ಬದುಕಿರುವವರೆಗೆ ಬೇಡ, ಅಷ್ಟೇ ಅಂದಿರಿ. ತಪ್ಪಾಯಿತು, ಆದರೆ ಯಾರಿಗೂ ಗೊತ್ತಾಗಬಾರದು. ಅವನು ಒಳಗೇ ಇರಬೇಕು, ನಿಮ್ಮ ಮನಸ್ಸೂ ಹಗುರಾಗಬೇಕು. ಅಲ್ಲವೇ?

ಮೊನ್ನೆ ಹರೀಶ ಹೊರಗೆ ಬಂದ. ಗೇಟಿನ ಹೊರಗೆ ನಾವಿಬ್ಬರೂ ನಮ್ಮ ಭಾಷೆಯಲ್ಲಿ ಗಟ್ಟಿಯಾಗಿ ಮಾತಾಡಿದೆವು, ಸುಮ್ಮನೆ ಏನೇನೋ. ಮರುದಿನ ಬೆಳಿಗ್ಗೆ ಅಹಮದಾಬಾದಿನ ರೈಲು ಹತ್ತಿದೆವು. ಎಷ್ಟು ಸಲ ಹೇಳಬೇಕೆಂದು ಬಾಯಿ ತೆರೆದೆನೋ. ವಡೋದರಾ ಬಂತು. ಅವನು ಚೀಲ ಹೆಗಲಿಗೇರಿಸಿ ಎದ್ದೇಬಿಟ್ಟ. "ಅಕ್ಕ, ಇಲ್ಲೇ ಇಳ್ಯುವ. ಮಾವನ್ನ ಕಂಡ್ಕಂಡ್ ಸಂಜಿ ಗಾಡಿಗ್ ಹೋಪ." ಅವನ ಅಂಗಿ ಹಿಡಿದು ಕೂರಿಸಿದೆ. ಹೇಳಿದೆ. ನೀವು ಹೋದದ್ದು, ಹನ್ನೊಂದು ವಾರ ನಾನು ಹೇಳಿದ ಸುಳ್ಳು, ಅತ್ತೆಯ ಹೇಳಿಕೆ, ಎಲ್ಲವನ್ನೂ. ಅವನು ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಮುಖ ಮುಚ್ಚಿಕೊಂಡು ಸೀಟಿನಲ್ಲಿ ಅತ್ತ, ಪಕ್ಕದವರು ನೀರಿನ ಬಾಟಲಿ ಕೊಟ್ಟರು. ರೈಲು ಹೊರಟಿತು.

ಆಣಂದ್ ದಾಟಿದ ಮೇಲೆ ಕೇಳಿದ, "ಅಕ್ಕ, ಮಾವ ಹೋಪತಿಗೆ ನಂಗಂತ ಎಂತಾರೂ ಹೇಳಿದ್ರಾ?"

ಅವನ ಮುಖ ನೋಡಿದೆ. ನಿಮ್ಮ ಮಾತು ನಾಲಿಗೆಯ ತುದಿಯಲ್ಲೇ ಇತ್ತು. ಅದೊಂದನ್ನು ಕೊಟ್ಟಿದ್ದರೆ ಹನ್ನೊಂದು ತಿಂಗಳನ್ನೂ, ಶೀನಣ್ಣನನ್ನೂ, ಎಲ್ಲವನ್ನೂ ಅವನು ಆ ಕ್ಷಣವೇ ಕ್ಷಮಿಸಿಬಿಡುತ್ತಿದ್ದ. ಮನೆಯಲ್ಲಿ ನಿಮ್ಮ ಫೋಟೋಕ್ಕೆ ಹಾರ ಹಾಕುತ್ತಿದ್ದ.

"ಇಲ್ಲೆ" ಅಂದೆ. "ಎಂತದೂ ಹೇಳ್ಲಿಲ್ಲೆ."

ಅವನು "ಹೌದಾ" ಎಂದು ಕಿಟಕಿಯ ಕಡೆ ತಿರುಗಿ ಕೂತ, ಅಹಮದಾಬಾದಿನವರೆಗೂ ಈ ಕಡೆ ತಿರುಗಲಿಲ್ಲ. ಅವನಿಗೂ ನೋವಾಯಿತು, ಅದು ನನಗೆ ಕಾಣದೆ ಇಲ್ಲ. ಆದರೂ ಮಾತು ಕೊಡುತ್ತೇನೆ ಮಾವ. ನೀವು ಕೇಳಿದ ಕ್ಷಮೆಯನ್ನು ಅವನಿಗೆ ತಲುಪಿಸುವುದಿಲ್ಲ. ನಾನು ಸತ್ತ ದಿನ ಅದು ನನ್ನ ಜೊತೆಯಲ್ಲೇ ಸುಟ್ಟುಹೋಗಲಿ.

ನೀವು ಸಾಕಿದ
ಶೈಲಾ